ಮೋರೀನ್ ತಿನ್ನಿಸಿದ್ದಲ್ಲ

ಶುಭಾ, ಮೋರೀನ್ ನಮ್ಮ ಮಗಳಿಗೆ ದನದ ಮಾಂಸ ತಿನ್ನಿಸಲಿಲ್ಲ. ತಿನ್ನಿಸಿದವನು ನಾನು. ನಮ್ಮದೇ ಅಡುಗೆಮನೆಯಲ್ಲಿ, ನಿನ್ನ ದೋಸೆ ಕಾವಲಿ ಇಡುವ ಅದೇ ಒಲೆಯ ಮೇಲೆ — ಒಂದು ಸಲ ಅಲ್ಲ, ಹೆಚ್ಚುಕಡಿಮೆ ಒಂದು ಚಳಿಗಾಲ ಪೂರ್ತಿ. ಇದನ್ನು ಎದುರಿಗೆ ಕೂತು ಹೇಳಬೇಕಿತ್ತು. ಎಂಟು ವರ್ಷದಿಂದ ಎಷ್ಟೋ ಸಲ ಬಾಯಿ ತೆರೆದು ಬೇರೇನೋ ಹೇಳಿ ಮುಚ್ಚಿದ್ದೇನೆ.

ಆಗ ಮೇಘನಾಗೆ ಏಳು. ಶನಿವಾರ ನಿನಗೆ ಆಸ್ಪತ್ರೆ ಡ್ಯೂಟಿ. ಹುರುಳಿಕಾಯಿ ಪಲ್ಯ ಬಡಿಸಿದರೆ ತಟ್ಟೆಯಲ್ಲೇ ರಸ್ತೆ ಮಾಡಿ ಆಡುತ್ತಿದ್ದಳಲ್ಲ, ತಿನ್ನುತ್ತಿರಲಿಲ್ಲ. ಆ ದಿನಗಳಲ್ಲೇ ಆಫೀಸಿನಲ್ಲಿ ನನ್ನ ಪಕ್ಕ ಕೂರುತ್ತಿದ್ದ ಜಪಾನಿನ ಗೆಳೆಯ ಒಂದು ದಿನ ಊಟದ ಡಬ್ಬಿ ತೆರೆದ. ತೆಳ್ಳಗಿನ ಮಾಂಸದೊಳಗೆ ಕ್ಯಾರೆಟ್ಟು, ಹುರುಳಿಕಾಯಿ ಇಟ್ಟು ಸುತ್ತಿದ ಸುರುಳಿಗಳು. ಒಂದು ತಿಂದೆ. ಮಾಡುವುದು ಹೇಗೆಂದು ಕೇಳಿಕೊಂಡೆ. ಮಗು ತರಕಾರಿ ತಿನ್ನಲಿ ಎಂದೇ ಕಲಿತೆ ಅಂತ ಇಷ್ಟು ವರ್ಷ ನನಗೆ ನಾನೇ ಹೇಳಿಕೊಂಡಿದ್ದೇನೆ. ತೆಳ್ಳಗಿನ ಆಮ್ಲೆಟ್ಟಿನಲ್ಲೂ ಸುತ್ತಬಹುದಿತ್ತು, ಶುಭಾ. ಇನ್ನೊಮ್ಮೆ ತಿನ್ನುವ ಚಪಲ ನನ್ನದು.

ಮಾಂಸವನ್ನು ಅರ್ಧ ಗಟ್ಟಿಯಾಗುವವರೆಗೆ ಫ್ರೀಜರಿನಲ್ಲಿಟ್ಟರೆ ತೆಳ್ಳಗೆ ಕೊಯ್ಯಬಹುದು. ತರಕಾರಿ ಅರೆಬೆಂದಿರಬೇಕು. ಸುತ್ತಿ ಮುಗಿದ ಅಂಚನ್ನು ಮೊದಲು ಬಾಣಲೆಗೆ ತಾಗಿಸಬೇಕು, ಇಲ್ಲದಿದ್ದರೆ ಬಿಚ್ಚಿಕೊಳ್ಳುತ್ತದೆ. ಬಾಣಲೆಗೆ ಹಾಕುವ ಮುನ್ನ ಆ ಅಂಚನ್ನು ಕಿರುಬೆರಳಿನಿಂದ ಒತ್ತಿ ಹಿಡಿಯುವುದು ಮೇಘನಾಳ ಕೆಲಸ — ನಾಲಿಗೆ ಹೊರಗೆ ಹಾಕಿಕೊಂಡು, ಅದೆಷ್ಟು ಶ್ರದ್ಧೆ! ಕೊನೆಗೆ ಸೋಯಾ ಸಾಸು, ಸಕ್ಕರೆ, ಶುಂಠಿ ಹಾಕಿದಾಗ ಸುರುಳಿಗಳು ಮಿರಮಿರ ಮಿಂಚುತ್ತಿದ್ದವು. ಹುರುಳಿಕಾಯಿ ಒಂದೂ ಉಳಿಯುತ್ತಿರಲಿಲ್ಲ. ಆಮೇಲೆ ಆ ಚಳಿಯಲ್ಲೂ ಕಿಟಕಿ ತೆರೆದು ಊದುಬತ್ತಿ ಹಚ್ಚುತ್ತಿದ್ದೆ. ನೀನು ಒಳಗೆ ಬಂದವಳೇ, "ಏನಪ್ಪಾ, ಇವತ್ತು ಪೂಜೆ ಜೋರಾಗೈತೆ!" ಅಂತ ನಗುತ್ತಿದ್ದೆ. ನಾನೂ ನಗುತ್ತಿದ್ದೆ. ಸುಖವಾಗಿದ್ದೆವು — ಅದು ಸುಳ್ಳಲ್ಲ.

ಆಮೇಲೆ ಶಾಲೆಯ ಆ ಚಿತ್ರ. 'ನನಗಿಷ್ಟದ ಊಟ' ಎಂದು ಸುರುಳಿಗಳನ್ನು ಬರೆದು ಕೆಳಗೆ ಬೀಫ್ ಎಂದೂ ಬರೆದಿದ್ದಳು. ಟೀಚರು ಮೆಚ್ಚಿಕೊಂಡು ನಿನಗೆ ತೋರಿಸಿದರು. ಮನೆಗೆ ಬಂದು ನೀನು ಅವಳನ್ನು ಕೇಳಿದ್ದು ಒಂದೇ ಪ್ರಶ್ನೆ: ಎಲ್ಲಿ ತಿಂದೆ? ಮಗು ಬಾಯಿ ತೆರೆಯುವ ಮೊದಲೇ ನಾನೆಂದೆ:

"ಮೋರೀನ್ ಮನೇಲಿ ತಿಂದಿರ್ಬೇಕು ಕಣೆ."

ಮೇಘನಾ ನನ್ನನ್ನು ನೋಡಿದಳು. ಆಮೇಲೆ ತನ್ನ ಶೂ ನೋಡಿಕೊಂಡು ತಲೆಯಾಡಿಸಿದಳು. ಕೋತಿ ತಾನು ತಿಂದು ಮೇಕೆ ಬಾಯಿಗೆ ಒರೆಸಿತಂತೆ — ನಾನು ಒರೆಸಿದ್ದು ಶಾಲೆ ಬಿಟ್ಟ ಮೇಲೆ ಮೇಘನಾಗೆ ಊಟ ಹಾಕುತ್ತಿದ್ದ ಪಕ್ಕದ ಮನೆಯ ಮೋರೀನಿಗೆ. ನಾವು ಊರು ಬಿಟ್ಟು ಈ ದೇಶಕ್ಕೆ, ಈ ಕ್ಲಾಂಡಾಲ್ಕಿನ್‌ಗೆ ಬಂದ ವಾರವೇ ಕೇಕ್ ಹಿಡಿದು ಬಂದವಳು. ನಿನ್ನಪ್ಪ ಹೋದಾಗ, ಊರಿಗೆ ಹೋಗಲಾಗದ ಆ ದಿನವಿಡೀ ನಿನ್ನ ಕೈ ಹಿಡಿದು ಕೂತಿದ್ದವಳು. ನಾವು ಏನು ತಿನ್ನುವುದಿಲ್ಲ ಎಂದು ನೀನು ಹೇಳಿದ ಮರುದಿನವೇ ಮೇಘನಾಗೆಂದು ಬೇರೆ ಬಾಣಲೆ ತಂದಿಟ್ಟವಳು.

ನೀನು ಜಗಳವಾಡಲಿಲ್ಲ. ಅವಳ ಬಾಗಿಲಲ್ಲಿ ನಿಂತು, ಇನ್ನುಮುಂದೆ ಮಗಳು ಮನೆಯಲ್ಲೇ ಊಟ ಮಾಡುತ್ತಾಳೆ ಎಂದಷ್ಟೇ ಹೇಳಿದೆ. "ಗ್ರ್ಯಾಂಡ್, ಶುಭಾ, ಗ್ರ್ಯಾಂಡ್," ಅಂದಳು ಅವಳು — ಇಲ್ಲಿಯವರು ಎಲ್ಲದಕ್ಕೂ ಅನ್ನುವ 'ಸರಿ, ಆಗಲಿ' ಅದು. ಯಾಕೆಂದು ಕೇಳಲಿಲ್ಲ. ಅಂದಿನಿಂದ ಬೇಲಿಯಾಚೆಗೊಂದು ನಮಸ್ಕಾರ, ಅಷ್ಟೆ. ನೀನು ಒಳ್ಳೆಯ ಗೆಳತಿಯೊಬ್ಬಳು ಮೋಸ ಮಾಡಿದಳೆಂದು ಕೊರಗಿದೆ. ನಾನು ಸಮಾಧಾನ ಹೇಳಿದೆ — ನಾನು!

ಈಗ ಅವಳ ಮನೆಯ ಮುಂದೆ ಮಾರಾಟದ ಬೋರ್ಡು ನಿಂತಿದೆ. ಗಾಲ್ವೇಯಲ್ಲಿರುವ ಮಗಳ ಹತ್ತಿರ ಹೋಗುತ್ತಾಳಂತೆ. ನಿನ್ನೆ ನೀನು ಡ್ಯೂಟಿಯಲ್ಲಿದ್ದಾಗ ಬಂದಳು, ಕೈಯಲ್ಲಿ ನಿನ್ನ ಸ್ಟೀಲ್ ಡಬ್ಬಿ. ಎಂದೋ ಚಕ್ಕುಲಿ ಕೊಟ್ಟು ಕಳಿಸಿದ್ದು, ಕಳೆದೇಹೋಯಿತೆಂದುಕೊಂಡಿದ್ದೆಯಲ್ಲ, ಅದೇ. "ನನ್ನಿಂದ ಏನು ತಪ್ಪಾಯಿತೋ ಇವತ್ತಿಗೂ ಗೊತ್ತಿಲ್ಲ. ಶುಭಾಗೆ ಸಾರಿ ಹೇಳು," ಅಂದಳು. ನಾನು ಸರಿ ಅಂದೆ. ಅಷ್ಟೇ ಅಂದೆ.

ಹಿಂದೆ ಮೇಘನಾ ನಿಂತಿದ್ದಳು. ಬಾಗಿಲು ಮುಚ್ಚಿದ ಮೇಲೆ, "ಯೂ ಟೆಲ್ ಅಮ್ಮ, ಡ್ಯಾಡ್. ಆರ್ ಐ ವಿಲ್," ಅಂದಳು. ಅವಳು ಹೆದರಿಸಿದ್ದಕ್ಕೆ ಬರೆಯುತ್ತಿದ್ದೇನೆಂದು ನಿನಗನ್ನಿಸಿದರೆ, ಅದೂ ನಿಜವೇ. ಏಳು ವರ್ಷದ ಮಗುವಿನ ಹೆಗಲ ಮೇಲೆ ನನ್ನ ಸುಳ್ಳನ್ನು ಹೊರಿಸಿದೆ. ಅವಳು ಇನ್ನೂ ಅದನ್ನು ಹೊತ್ತೇ ಇದ್ದಾಳೆ.

ನೀನು ಇದನ್ನು ಓದುವಾಗ ನಾನು ಮೋರೀನ್ ಮನೆಯಲ್ಲಿರುತ್ತೇನೆ. ಎಲ್ಲವನ್ನೂ ಅವಳಿಗೂ ಹೇಳುತ್ತೇನೆ. ಕ್ಷಮಿಸು ಎಂದು ಇಬ್ಬರನ್ನೂ ಕೇಳುವ ಮುಖ ನನಗಿಲ್ಲ.

ಡಬ್ಬಿ ಮೇಜಿನ ಮೇಲಿದೆ. ತೆರೆದು ನೋಡು. ಯಾರ ಮನೆಯ ಪಾತ್ರೆಯನ್ನೂ ಖಾಲಿ ವಾಪಸ್ಸು ಕೊಡಬಾರದೆಂದು ಮೋರೀನಿಗೆ ಹೇಳಿಕೊಟ್ಟವಳು ನೀನೇ ಅಲ್ಲವೇ — ಡಬ್ಬಿ ತುಂಬ ಸಕ್ಕರೆ ಹಾಕಿ ಕೊಟ್ಟಿದ್ದಾಳೆ.