ಹೊಳೆವ್ವನ ಹಸಿರು ಪುಸ್ತಕಗಳು

ಬಸುರಿ ಮೊಮ್ಮಗಳು ದುರ್ಗಾಳ ಕುಬಸದ ದಿನ ಹೊಳೆವ್ವನನ್ನು ಅಡಿಗೆಮನೆಯಲ್ಲಿ ಕೂರಿಸಿದ್ದು ಹೋಳಿಗೆಯ ನೆಪದಲ್ಲಿ. ಸೊಸೆ ಮಾಳವ್ವ ಬಲು ಮೆತ್ತಗೆ ಮಾತಾಡುವವಳು.

"ಅತ್ತಿ, ನಿಮ್ಮ ಕೈಲೆ ಹೋಳಗಿ ಬಂದಂಗ ಯಾರ ಕೈಲೆನೂ ಬರೂದಿಲ್ರಿ. ನೀವು ಒಳಗ ಇರ್ರಿ," ಎಂದಳು.

ಗಂಡ ಸತ್ತವಳು ಆರತಿಯ ಹೊತ್ತಿಗೆ ಮುಂದೆ ಬರಬಾರದು, ಬಸುರಿಯ ಉಡಿ ತುಂಬಬಾರದು ಎಂಬುದನ್ನೇ ಸೊಸೆ ಹೋಳಿಗೆಯೊಳಗೆ ಹೂರಣ ತುಂಬಿದ ಹಾಗೆ ತುಂಬಿ ಹೇಳಿದ್ದು ಹೊಳೆವ್ವನಿಗೆ ತಿಳಿಯದೇ ಇರಲಿಲ್ಲ. ಹೂಂ ಎಂದು ಲಟ್ಟಣಿಗೆ ಹಿಡಿದಳು. ಇವತ್ತೊಂದು ದಿನ ಅವಳಿಗೆ ಜಗಳ ಬೇಕಾಗಿರಲಿಲ್ಲ. ಅವಳ ಏರ್ಪಾಟು ಬೇರೆಯೇ ಇತ್ತು.

ದುರ್ಗಾಳನ್ನು ಬೆಳೆಸಿದವಳೇ ಹೊಳೆವ್ವ. ಮಗ ಕಲ್ಲೇಶ, ಸೊಸೆ ಇಬ್ಬರೂ ಲಕಮನಹಳ್ಳಿಯ ಕಾರ್ಖಾನೆಗೆ ಹೋಗುತ್ತಿದ್ದರು. ನವನಗರದ ಮನೆಯಲ್ಲಿ ಹಗಲೆಲ್ಲ ಅಜ್ಜಿ ಮೊಮ್ಮಗಳು ಇಬ್ಬರೇ. ಸಾಲೆಯಿಂದ ಬಂದ ಹುಡುಗಿ ಪುಸ್ತಕ ತೆಗೆದು ಗಟ್ಟಿಯಾಗಿ ಓದುವಳು, ಹೊಳೆವ್ವ ಅಕ್ಕಿ ಆರಿಸುತ್ತ ಕೇಳುವಳು. ತಾನು ಓದಿದ್ದು ಎರಡನೇ ಇಯತ್ತೆ. ಅಕ್ಷರಕ್ಕೆ ಅಕ್ಷರ ಕೂಡಿಸಿ ಕೊನೆ ಮುಟ್ಟುವಷ್ಟರಲ್ಲಿ ಮೊದಲನೆಯದು ಮರೆತಿರುತ್ತಿತ್ತು. ಕಣ್ಣಿಗೆ ಬಿದ್ದ ಕೂಡಲೇ ತಡವರಿಸದೆ ಓದಬಲ್ಲ ಪದ ಒಂದೇ: ಹಸಿರು.

ಅದು ಗಂಡನಿಂದ ಬಂದದ್ದು. ಶಿದ್ದಪ್ಪ ರೈಲ್ವೆ ಗೇಟು ಕಾಯುತ್ತಿದ್ದ. ಗೇಟಿನ ಕೋಣೆಯ ಗೋಡೆಗೆ ಒಂದು ತಗಡು ಬಡಿದಿದ್ದರು. ಮೇಲೆ ಕೆಂಪು ಎಂದು ಬರೆದಿದ್ದ ಕಡೆ ತುಕ್ಕು ತಿಂದುಹೋಗಿತ್ತು, ಕೆಳಗಿನ ಹಸಿರು ಮಾತ್ರ ನಿಚ್ಚಳವಾಗಿತ್ತು. ಬುತ್ತಿ ಕೊಡಲು ಹೋದಾಗಲೆಲ್ಲ ಹೊಳೆವ್ವ ಅದನ್ನು ಓದುವಳು. ಒಮ್ಮೆ ಶಿದ್ದಪ್ಪನಿಗೆ ಜ್ವರ ಏರಿ ಏಳಲಾಗದೆ ಬಿದ್ದಿದ್ದಾಗ ಕೂಸು ಕಲ್ಲೇಶನನ್ನು ಬಗಲಲ್ಲಿಟ್ಟುಕೊಂಡು ತಾನೇ ಹಸಿರು ನಿಶಾನಿ ಹಿಡಿದು ನಿಂತಿದ್ದಳು. ಹಾದುಹೋದ ರೈಲಿನ ಹಿಂದಿನ ಡಬ್ಬಿಯಲ್ಲಿದ್ದ ಗಾರ್ಡ್ ಸೀರೆಯುಟ್ಟವಳನ್ನು ಕಂಡು ಬೆರಗಾಗಿ, ನಗುತ್ತ ತನ್ನ ನಿಶಾನಿಯನ್ನೂ ಬೀಸಿದ್ದ. ಅವನ ನಿಶಾನಿಯ ಅಂಚು ಹರಿದಿದ್ದದ್ದು ಕೂಡ ಅವಳಿಗೆ ಇನ್ನೂ ನೆನಪಿದೆ. ಶಿದ್ದಪ್ಪ ಹೋದ ದಿನ ಕೈಯ ಹಸಿರು ಬಳೆ ಒಡೆದರು. ಆಮೇಲೆ ಅವಳ ಮೈಮೇಲೆ ಹಸಿರು ಬಂದಿಲ್ಲ.

ಕುಬಸವೆಂದರೆ ಎಲ್ಲವೂ ಹಸಿರು: ಸೀರೆ, ಬಳೆ, ಕುಪ್ಪಸದ ಖಣ. ತಾನು ಬಳೆ ಕೊಟ್ಟರೂ ಬೇಡವೆನ್ನುತ್ತಾರೆ, ಖಣ ಕೊಟ್ಟರೂ ಬೇಡವೆನ್ನುತ್ತಾರೆ. ಪುಸ್ತಕ? ಗಂಡ ಸತ್ತವಳ ಕೈಯಿಂದ ಪುಸ್ತಕ ಇಸಿದುಕೊಳ್ಳಬಾರದೆಂದು ಯಾರೂ ಇನ್ನೂ ಹೇಳಿಲ್ಲ. ಇದು ಹೊಳೆದ ಮರುದಿನವೇ ಅವಳು ಹುಬ್ಬಳ್ಳಿಗೆ ಹೋಗಿ ಹಳೆ ಪುಸ್ತಕದ ಗುಲಾಬಸಾಬನ ಗಾಡಿಯ ಮುಂದೆ ನಿಂತಳು.

"ಹಸಿರು ಪುಸ್ತಕ ಬೇಕಾಗ್ಯಾವು ನೋಡು ಸಾಬಾ."

"ರಟ್ಟು ಹಸಿರಿರಬೇಕೋ, ಏನ್ ಒಳಗ ಹಸಿರಿರಬೇಕೋ?"

"ಹೆಸರಿನ್ಯಾಗ ಇರಬೇಕು. ರಟ್ಟಿನ ಬಣ್ಣ ಮಾಸತೈತಿ."

"ಕಥಿ ಬೇಕು, ಅಡಗಿ ಬೇಕು ಅಂತಾರ. ಹಿಂಗ ಕೇಳಿದಾಕಿ ನೀನs ಮೊದಲನೇದಾಕಿ ನೋಡವ್ವಾ!" ಎಂದು ನಗುತ್ತಲೇ ಗುಲಾಬಸಾಬ ಗುಡ್ಡೆ ಕೆದರಿದ. ಮಕ್ಕಳ 'ಹಸಿರು ಗಿಳಿಯ ಹಟ' ಸಿಕ್ಕಿತು. 'ಹಸಿರು ಸೊಪ್ಪಿನ ಪಲ್ಯಗಳು' ಸಿಕ್ಕಿತು, ಹಾಳೆಗೆಲ್ಲ ಯಾರದೋ ಮನೆಯ ಎಣ್ಣೆ ಹತ್ತಿತ್ತು. ರೈತರಿಗಾಗಿ ಬರೆದ 'ಹಸಿರು ಗೊಬ್ಬರದ ಬೆಳೆಗಳು' ಬಂತು. ಒಂದು ದಪ್ಪ ಪುಸ್ತಕದ ಮೇಲೆ ಹಸಿರು ಎಂದು ಓದಿಕೊಂಡು, ಮುಂದಿನದನ್ನು ಕೂಡಿಸುವ ಗೊಡವೆಗೆ ಹೋಗದೆ ಚೀಲಕ್ಕೆ ಹಾಕಿದಳು. ಕಡೆಗೆ ಸಿಕ್ಕಿದ್ದು 'ಹಸಿರು ನಿಶಾನಿಯ ದಿನಗಳು', ನಿವೃತ್ತ ಗಾರ್ಡ್ ಒಬ್ಬರು ಬರೆದದ್ದು. ರಟ್ಟಿನ ಮೇಲೆ ಗೇಟು, ಗೇಟಿನ ಬಳಿ ನಿಶಾನಿ ಹಿಡಿದ ಮನುಷ್ಯ. ಹೊಳೆವ್ವ ಅದನ್ನು ಚೀಲಕ್ಕೆ ಹಾಕಲಿಲ್ಲ, ಸೆರಗಿನಲ್ಲಿ ಸುತ್ತಿ ತಂದಳು. ಹುಟ್ಟುವ ಕೂಸಿಗೆ ಮುತ್ತಜ್ಜ ಯಾರೆಂದು ದುರ್ಗಾ ಇದನ್ನೇ ಓದಿ ಹೇಳಬೇಕು.

ಯಾರಿಗೂ ಹೇಳಲಿಲ್ಲ. ಹೇಳಿದ್ದರೆ ಮಾಳವ್ವ ಮೆತ್ತಗೆ ತಪ್ಪಿಸುತ್ತಿದ್ದಳು. ಕುಬಸದ ಮುಂಜಾನೆ ಪುಸ್ತಕಗಳನ್ನು ಹಿತ್ತಾಳೆಯ ತಾಟಿನಲ್ಲಿ ಜೋಡಿಸಿ, ಮೇಲೊಂದು ವಸ್ತ್ರ ಮುಚ್ಚಿ ದೇವರ ಮುಂದಿಟ್ಟಳು. ಉಡಿ ತುಂಬುವಾಗ ಎದ್ದು ಹೋಗಿ ತಾನೇ ಹಾಕುವುದು. ಮಂದಿಯ ಮುಂದೆ ಯಾರು ಕೈ ಹಿಡಿದಾರು?

ಹಿಡಿದದ್ದು ಹೋಳಿಗೆ. ಒಂದು ಹಂಚಿನ ಮೇಲೆ, ಒಂದು ಮಣೆಯ ಮೇಲೆ, ಹೊರಗಿನಿಂದ "ಇನ್ನೊಂದಿಷ್ಟು ಕಳಸ್ರಿ ಅತ್ತಿ!" ಎಂಬ ಕೂಗು. ಆರತಿಯ ಹಾಡು ಶುರುವಾದದ್ದು ಕೇಳಿಸಿತು. ಹಂಚಿನ ಮೇಲಿನದು ಹೊತ್ತಬಾರದೆಂದು ತಿರುವಿ ಹಾಕಿ, ಒಲೆ ಆರಿಸಿ, ಹಿಟ್ಟಿನ ಕೈಯಲ್ಲೇ ಓಡಿ ಬಂದಳು. ಉಡಿ ತುಂಬಿ ಮುಗಿದಿತ್ತು. ಮುತ್ತೈದೆಯರು ಎಲೆ ಅಡಿಕೆ ಇಸಿದುಕೊಂಡು ಚಪ್ಪಲಿ ಹುಡುಕುತ್ತಿದ್ದರು. ದೇವರ ಮುಂದಿನ ತಾಟಿನಲ್ಲಿ ಉಳಿದದ್ದು ಒಂದೇ ಪುಸ್ತಕ.

"ಪುಸ್ತಕ ಎಲ್ಲಿ ಮಾಳವ್ವಾ?"

"ಬಂದವರಿಗೆ ಎಲಿ ಅಡಿಕಿ ಜೋಡಿ ಕೊಟ್ನಿ ಅಲ್ರಿ. ಈಗ ಪುಸ್ತಕ ಕೊಡೂದು ಬಂದೈತಿ, ನಮ್ಮನಿಯವರs ತಂದಿಟ್ಟಾರ ಅಂತ ತಿಳಕೊಂಡ್ನಿ. ಯಾಕ್ರಿ?"

"ನಾ ತಂದಿದ್ದೆ. ದುರ್ಗಾನ ಉಡಿಗೆ."

ಮಾಳವ್ವ ತಾಟಿನಲ್ಲಿ ಉಳಿದದ್ದನ್ನು ನೋಡಿದಳು. ಬಳಿಕ ಎಂದಿನ ಮೆತ್ತನೆಯ ದನಿ: "ಒಂದ್ ಮಾತ್ ಹೇಳಬಾರದೇನ್ರಿ ಅತ್ತಿ?"

ಹೇಳಿದ್ದರೆ! ಹೊಳೆವ್ವ ಕಿಟಕಿಗೆ ಓಡಿದಳು. ಹೊರಗೆ, ತನ್ನ ಮೂರನೇ ಮಾಳಿಗೆಯ ಮನೆಯಲ್ಲಿ ತುಳಸಿ ಗಿಡಕ್ಕೂ ಜಾಗವಿಲ್ಲದ ಮುತ್ತೈದೆಯೊಬ್ಬಳು ಗೊಬ್ಬರದ ಪುಸ್ತಕ ಹಿಡಿದು ಆಟೋ ಹತ್ತುತ್ತಿದ್ದಳು. ಶುಭದ ದಿನ ಕೂಗಿ ಕರೆಯುವಂತೆಯೂ ಇಲ್ಲ.

"ನಿಶಾನೀದು ಯಾರು ಒಯ್ದರು?"

"ವಿದ್ಯಾನಗರದ ಚನ್ನಬಸವ್ವ ಟೀಚರ್ರು. ಛಲೋ ಐತಿ ಅಂತ ತಾವs ಆರಿಸಿಕೊಂಡ್ರು."

ಉಡಿಯ ಭಾರಕ್ಕೆ ಕುರ್ಚಿಯಿಂದ ಏಳಲಾಗದೆ ದುರ್ಗಾ ಅಲ್ಲಿಂದಲೇ ಅಜ್ಜಿಗೆ ಕೈ ಮಾಡಿದಳು. "ಆಯಿ, ಉಳದದ್ದು ತಾ ಇಲ್ಲೆ."

"ಅದು ಯಾರಿಗೂ ಬ್ಯಾಡಾದದ್ದವಾ."

"ನನಗ ಬೇಕು."

ಹೊಳೆವ್ವ ತಂದುಕೊಟ್ಟದ್ದನ್ನು ನೋಡಿ ಹುಡುಗಿ ನಕ್ಕುಬಿಟ್ಟಳು. ಹೊಳೆವ್ವ ಮುಂದೆ ಓದದೆ ಬಿಟ್ಟಿದ್ದ ಹೆಸರು 'ಹಸಿರು ಕಾರಿನ ಕೊಲೆಗಾರ'.

"ಬಸರಿ ಹೆಂಗಸಿನ ಉಡಿಯಾಗ ಕೊಲಿಗಾರನ್ನ ಹಾಕ್ತಾರೇನ್ರಿ!" ಎಂದು ಯಾರೋ ಬಾಯಿ ಮೇಲೆ ಕೈ ಇಟ್ಟರು.

"ಕಡೀ ಹಾಳ್ಯಾಗ ಸಿಕ್ಕೊಂತಾನ ಬಿಡ್ರಿ," ಎಂದ ದುರ್ಗಾ ಎರಡೂ ಕೈಯಿಂದ ಸೆರಗು ಅಗಲಿಸಿದಳು. "ಹಾಕು ಆಯಿ. ನೀನs ಹಾಕು."

ಹೊಳೆವ್ವ ಹಾಕಿದಳು. ಅಕ್ಕಿ, ಕೊಬ್ಬರಿ, ಉತ್ತತ್ತಿಗಳ ಮೇಲೆ ಕೊಲೆಗಾರ ಕೂತ. ಎಲ್ಲರೂ ನಕ್ಕರು, ಮಾಳವ್ವನೂ ನಕ್ಕಳು. ಹೊಳೆವ್ವನಿಗೆ ಮಾತ್ರ ನಗು ಬರಲಿಲ್ಲ. ಕೈಯೇನೋ ಉಡಿ ಮುಟ್ಟಿತು, ಹಾಕಬೇಕಾದದ್ದೇ ಬೇರೆಯಾಗಿತ್ತು.

ಮರುದಿನ ನಾಷ್ಟಾ ಕೂಡ ಮಾಡದೆ ಹುಬ್ಬಳ್ಳಿಗೆ ಓಡುವ ಚಿಗರಿ ಬಸ್ ಹತ್ತಿ ವಿದ್ಯಾನಗರಕ್ಕೆ ಹೋದಳು. ಟೀಚರು ಪಡಸಾಲೆಯಲ್ಲಿ ಅದೇ ಪುಸ್ತಕ ಹಿಡಿದು ಕೂತಿದ್ದರು. ಹೊಳೆವ್ವ ಎಲ್ಲವನ್ನೂ ಹೇಳಿದಳು.

"ಅಯ್ಯ, ಕೊಡ್ತೀನ್ರಿ, ಇಲ್ಲಂದ್ನೇನು? ಆದ್ರ ಅರ್ಧಕ್ಕ ಬಂದೇನಿ. ಭಾಳ ಛಲೋ ಬರದಾರ. ಮುಗಿಸಿ ನಾನs ಕಳಸ್ತೀನಿ, ನೀವು ಹೋಗ್ರಿ."

ಕಳಿಸುತ್ತಾರಂತೆ. ಯಾರ ಕೈಯಲ್ಲಿ, ಯಾವ ಕಾಲಕ್ಕೆ? ದಾರಿಯಲ್ಲಿ ಮತ್ತೆ ಯಾರ ಎಲೆ ಅಡಿಕೆಯ ಜೊತೆ ಹೋದೀತೋ. ಹೊಳೆವ್ವ ಚಪ್ಪಲಿ ಬಿಟ್ಟು ಒಳಗೆ ಬಂದು, ಗೋಡೆಗೆ ಬೆನ್ನು ಕೊಟ್ಟು ನೆಲದ ಮೇಲೆ ಕೂತಳು.

"ಓದ್ರಿ. ನಾ ಇಲ್ಲೇ ಕುಂಡ್ರತೀನಿ."

"ಸಂಜೀಮಟಾ ಆಕ್ಕೈತ್ರಿ ಹೊಳೆವ್ವಾ!"

"ಆಗಲಿ ಬಿಡ್ರಿ. ಸುಮ್ಮನ ಓದಬ್ಯಾಡ್ರಿ, ಗಟ್ಟ್ಯಾಗಿ ಓದ್ರಿ."

ಟೀಚರು ಕನ್ನಡಕದ ಮೇಲಿನಿಂದ ಅವಳನ್ನು ನೋಡಿದರು. ಬೇರೆ ದಾರಿ ಕಾಣದೆ ಹಾಳೆ ಹಿಂದಕ್ಕೆ ತಿರುವಿ ಮೊದಲನೆಯ ಸಾಲಿಗೆ ಹೋದರು.