ಹುಲಿಗೇಶ್ ಕುಡಿದಿರಲಿಲ್ಲ

ಬಂಡ್ರಿಯ ಹುಲಿಗೇಶ್ ಹದಿನಾರು ವರ್ಷ ಸಂಡೂರಿನ ಅದಿರು ಗಣಿಯಲ್ಲಿ ಟಿಪ್ಪರ್ ಓಡಿಸಿದವನು. ಅಪ್ಪ ಕುಡಿದು ಕುಡಿದೇ ಸತ್ತಿದ್ದನ್ನು ಕಂಡಿದ್ದ ಅವನು ಹೆಂಡ ಮುಟ್ಟಿದವನಲ್ಲ. ಅಂಥವನ ಮಾತು ಒಂದು ಸಂಜೆ ತೊದಲಿತು. ರೆಪ್ಪೆಗಳು ಜೋತುಬಿದ್ದವು. ರೊಟ್ಟಿ ಅಗಿಯುತ್ತ ದವಡೆ ಸೋತು, ಗದ್ದಕ್ಕೆ ಕೈ ಆನಿಸಿ ಉಣ್ಣಬೇಕಾಯಿತು. ಬೆಳಿಗ್ಗೆ ಎದ್ದರೆ ಏನೂ ಇಲ್ಲ.

ಹೀಗೇ ಎರಡು ತಿಂಗಳು ನಡೆಯಿತು. ಒಂದು ದಿನ ಪಾಳಿ ಮುಗಿಯುವ ಹೊತ್ತಿಗೆ ಸೂಪರ್‌ವೈಸರ್ ಉಚ್ಚೆಂಗಪ್ಪ ಅವನ ಮುಖ ನೋಡಿ, "ಕುಡದು ಗಾಡಿ ಹತ್ತೀಯೇನಲೇ?" ಎಂದ.

"ಮಷಿನ್ ತರ್ರಿ, ಊದ್ತೀನಿ."

ಆ ಮಾತೂ ಮೂಗಿನಲ್ಲೇ ಕಲಸಿಹೋಯಿತು. ಮಷಿನ್ ಯಾರೂ ತರಲಿಲ್ಲ. ಕುಡಿದು ಬಂದಿದ್ದನೆಂದು ರಿಜಿಸ್ಟರಿನಲ್ಲಿ ಬರೆದು ಕೆಲಸದಿಂದ ತೆಗೆದರು.

ಮುಂದಿನ ಎರಡು ವರ್ಷ ಆಸ್ಪತ್ರೆ ಸುತ್ತಿದ್ದೇ ಬಂತು. ಒಬ್ಬರು ಶಕ್ತಿಗೆಂದು ಸೂಜಿ ಚುಚ್ಚಿದರು, ಒಬ್ಬರು ಕನ್ನಡಕ ಕೊಟ್ಟರು. ತಲೆಯ ಸ್ಕ್ಯಾನ್ ನೋಡಿದ ಇನ್ನೊಬ್ಬರು, "ಏನೂ ಇಲ್ಲ. ಮನಸ್ಸಿನ ಡಾಕ್ಟರಿಗೆ ತೋರಸ್ರಿ" ಎಂದರು. ಎಲ್ಲರೂ ನೋಡಿದ್ದು ಬೆಳಗಿನ ಹೊತ್ತಿನ ಹುಲಿಗೇಶನನ್ನು. "ಸಂಜಿಗೆ ನೋಡ್ರಿ ಸರ್" ಎಂದು ಹೆಂಡತಿ ಚಂದ್ರಕಲಾ ಹೋದಲ್ಲೆಲ್ಲ ಹೇಳಿದಳು. ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಒಮ್ಮೆ ಸ್ವಂತ ಅಣ್ಣ ಜಂಬಪ್ಪನೇ ತಮ್ಮನ ಬಾಯಿ ಮೂಸಿ ನೋಡಿದ. ಆ ದಿನ ಹುಲಿಗೇಶ್ ಗೋಡೆಗೆ ಗುದ್ದಿ ಬೆರಳು ಮುರಿದುಕೊಂಡ.

ಕೊನೆಗೆ ಹೊಸಪೇಟೆಯ ಒಂದು ಆಸ್ಪತ್ರೆಯಲ್ಲೂ 'ನಾರ್ಮಲ್' ಎಂದಾಗ ಚಂದ್ರಕಲಾ ಬೆಂಚಿನ ಮೇಲೆ ಕುಳಿತುಬಿಟ್ಟಳು.

"ಇವತ್ತು ನಾವು ಹೋಗಂಗಿಲ್ರಿ. ಸಂಜಿತನ ಇಲ್ಲೇ ಕುಂದರ್ತೀವಿ."

ಸಿಬ್ಬಂದಿ ಗದರಿದರು. ಅವಳು ಏಳಲಿಲ್ಲ. ಮಧ್ಯಾಹ್ನದಿಂದ ಗಂಡನಿಗೆ ಒಂದರಿಂದ ನೂರು, ಮತ್ತೆ ಒಂದರಿಂದ ನೂರು ಗಟ್ಟಿಯಾಗಿ ಎಣಿಸಲು ಹಚ್ಚಿದಳು. ಸುತ್ತಲಿನವರು ನಕ್ಕರು. ಐದರ ಹೊತ್ತಿಗೆ ಅಂಕಿಗಳು ತೊದಲತೊಡಗಿದವು, ಎಡ ರೆಪ್ಪೆ ಮುಚ್ಚಿಕೊಂಡಿತು. ಅವನ ಕೈ ಹಿಡಿದು ಎಳೆದುಕೊಂಡೇ ಡ್ಯೂಟಿ ಡಾಕ್ಟರ್ ಅನುಸೂಯಾ ಅವರ ಮುಂದೆ ನಿಲ್ಲಿಸಿದಳು.

ಡಾಕ್ಟರ್ ಕೈಗವಸಿನಲ್ಲಿ ಐಸ್ ತುಂಬಿಸಿ, ಆ ರೆಪ್ಪೆಯ ಮೇಲೆ ಎರಡು ನಿಮಿಷ ಹಿಡಿದರು. ತೆಗೆದಾಗ ರೆಪ್ಪೆ ಮೇಲೆದ್ದಿತ್ತು.

"ಇದು ಮೈಸ್ತೇನಿಯಾ ಇರಬಹುದು" ಎಂದರು. "ರೋಗದಿಂದ ಕಾಯಬೇಕಾದ ಮೈಯ ಶಕ್ತಿನೇ ತಿರುಗಿ ಬಿದ್ದು, ನರ ಸ್ನಾಯುಗೆ ಕೂಡೋ ಜಾಗಕ್ಕ ಹೊಡೀತದ. ದಣಿದಷ್ಟು ಸೋಲ್ತದ, ಮಲಗಿ ಎದ್ರ ಸರಿ ಆಗ್ತದ. ರಕ್ತ ಕಳಿಸಿ ನೋಡೋಣು. ಭಾಳ ಅಪರೂಪದ ರೋಗರೀ ಇದು. ಎಲ್ರಿಗೂ ಹೊಳೆಯಂಗಿಲ್ಲ."

"ರೋಗ ಅಪರೂಪ ಇರ್ಲಿ ಮೇಡಂ," ಎಂದಳು ಚಂದ್ರಕಲಾ. "ಸಂಜಿ ದಿನಾ ಬರ್ತೈತಲ್ರಿ."

ರಕ್ತಪರೀಕ್ಷೆ ಅದನ್ನೇ ಖಚಿತಪಡಿಸಿತು. ಮಾತ್ರೆಯಿಂದ ಊಟ ಗಂಟಲಿಳಿಯಿತು, ಮಾತು ತಿಳಿಯಾಯಿತು; ಟಿಪ್ಪರ್ ಮಾತ್ರ ಓಡಿಸಕೂಡದೆಂದರು. ಹುಲಿಗೇಶ್ ರಿಪೋರ್ಟ್ ಹಿಡಿದು ಗಣಿಯ ಆಫೀಸಿಗೆ ಹೋದ.

"ಪಾಪ, ನಮಗೇನು ಗೊತ್ತಿತ್ತಪ್ಪ," ಎಂದ ಉಚ್ಚೆಂಗಪ್ಪ. "ಬಾ, ಗೇಟಿನಾಗ ಕೆಲ್ಸ ಕೊಡಸ್ತೀನಿ."

"ಕೆಲ್ಸ ಬ್ಯಾಡ. ಕುಡದಿದ್ದ ಅಂತ ಬರದೀರಲ್ಲ, ಅದನ್ನ ಹೊಡದು ಹಾಕ್ರಿ. ನನ್ನ ಕಣ್ಮುಂದ."

ಮೂರು ಸಲ ಅಲೆದ ಮೇಲೆ ಮ್ಯಾನೇಜರ್ ರಿಜಿಸ್ಟರಿನ ಆ ಸಾಲನ್ನು ಹೊಡೆದುಹಾಕಿ ಸಹಿ ಮಾಡಿದರು. ಅದರ ನಕಲನ್ನು ಹುಲಿಗೇಶ್ ಅಣ್ಣನ ಮನೆಗೆ ಹೋಗಿ ಅವನ ಕೈಗಿಟ್ಟ. ಜಂಬಪ್ಪ ಓದಿ ಅತ್ತ, ಊಟಕ್ಕೆ ಏಳೆಂದ. ಹುಲಿಗೇಶ್ ಚಪ್ಪಲಿ ಮೆಟ್ಟಿ ಹೊರಟುಬಿಟ್ಟ. ಇವತ್ತಿಗೂ ಆ ಮನೆಯಲ್ಲಿ ಅವನು ನೀರು ಮುಟ್ಟಿಲ್ಲ.