ಎಲ್ಲರೂ ಕೇಳಿದ ಬಣ್ಣ

ಮಿರಜಿನ ಹಾಲಿನ ಸೊಸೈಟಿಯಲ್ಲಿ ನಾನು ಹೊಸಬಳು. ವಾರ್ಷಿಕ ಸಭೆಗೆ ಸದಸ್ಯರಿಗೆಲ್ಲ ಒಂದೇ ಬಣ್ಣದ ಚಾದರ ಕೊಡುವುದಿತ್ತು. ಯಾವ ಬಣ್ಣ ಬೇಕೆಂದು ಮನೆಮನೆಗೆ ಹೋಗಿ ಕೇಳಿ ಬಂದವರು ಉತ್ತರಗಳನ್ನು ಎಕ್ಸೆಲ್‌ನಲ್ಲಿ ತುಂಬಿಟ್ಟಿದ್ದರು. ಅತಿ ಹೆಚ್ಚು ಸಲ ಬಂದ ಉತ್ತರ ಹುಡುಕುವುದು ನನ್ನ ಕೆಲಸ. ಚಾದರದ ವ್ಯಾಪಾರಿ ಸಾಂಗ್ಲಿಯಿಂದ ಬಂದು ಎದುರಿಗೇ ಕೂತಿದ್ದ.

ಸೂತ್ರ ಹಾಕಿದೆ. ಬಂದದ್ದನ್ನು ಎರಡು ಸಲ ಓದಿಕೊಂಡೆ.

"ಏನ್ ಬಂತವಾ?" ಎಂದರು ಮ್ಯಾನೇಜರ್ ಕಾಕಾ.

"'ಎಲ್ಲಾರಿಗೆ ಯಾವುದೋ, ನನಗೂ ಅದ' ಅಂತ ಬಂದೈತ್ರಿ."

ಕಾಕಾ ನಗಲಿಲ್ಲ. "ಬರೋಬರ್ ಐತಿ. ನಾನೂ ಹಂಗ ಬರಸೇನಿ."

ನಾನು ಓಢಣಿಯನ್ನು ಬಾಯಿಗೆ ಒತ್ತಿಕೊಂಡು, ಆ ಉತ್ತರವನ್ನು ತೆಗೆದುಹಾಕಿ ಮತ್ತೆ ಹುಡುಕಿದೆ. ಈ ಸಲ ಬಂತು: 'ಕಾಕಾ ಹೇಳಿದ್ದು.'

ಕಾಕಾ ಫ್ಯಾನು ನೋಡಿದರು. ವ್ಯಾಪಾರಿ ಗಡಿಯಾರ ನೋಡಿದ. "ಲಗೂನ ಹೇಳ್ರಿ, ನನ್ನ ಬಸ್ ಹೋಗ್ತೈತಿ."

"ಕಂಪ್ಯೂಟರ್ ಕಲ್ತಾಕಿ ನೀನ ಅದಿ. ನೀನ ಹೇಳಿಬಿಡು," ಎಂದರು ಕಾಕಾ.

ಇಂಗ್ಲಿಷ್ ಶಾಲೆಯಲ್ಲಿ ಕೈ ಎತ್ತಿ ಒಂದು ಉತ್ತರವನ್ನೂ ಹೇಳದ ನಾನು, ನಗು ತಡೆಯುವ ಭರದಲ್ಲಿ ಹೇಳಿಯೇಬಿಟ್ಟೆ: "ಗಿಳಿಹಸಿರು."

ಈಗ ಊರಿನ ಯಾವ ಮಾಳಿಗೆ ನೋಡಿದರೂ ಗಿಳಿಹಸಿರು ಚಾದರ ಒಣಗುತ್ತಿರುತ್ತದೆ. ನಮ್ಮ ಅವ್ವನೂ ಆ ಸೊಸೈಟಿಯ ಸದಸ್ಯೆ. ಹೊದೆಯುವಾಗೆಲ್ಲ ಗೊಣಗುತ್ತಾಳೆ, "ಇಂಥಾ ಬಣ್ಣ ಯಾರ್ ಕೇಳಿದ್ರು?"

"ಎಲ್ಲಾರೂ ಕೇಳ್ಯಾರವ್ವಾ," ಅನ್ನುತ್ತೇನೆ. "ನೀನೂ."